ಬಿಎಂಸಿಯಿಂದ (ಹಾಲಿನ ಶೀತಲೀಕರಣ ತೊಟ್ಟಿಯಿಂದ) ಟ್ಯಾಂಕರಿಗೆ ಹಾಲು: ಲೆಕ್ಕದಲ್ಲಿ ಬಂದ ಕಿಲೋ ವೇಬ್ರಿಜ್‌ನಲ್ಲಿ ಬರುತ್ತಿಲ್ಲ

ಹಾಲುಹೊಳೆ:
ನಮ್ಮ ಸಂಘದ ಶೀತಲೀಕರಣ ತೊಟ್ಟಿಯಿಂದ ಸಣ್ಣ ಟ್ಯಾಂಕರಿಗೆ ಹಾಲು ಪಂಪ್ ಮಾಡುತ್ತೇವೆ. ಫ್ಲೋ ಮೀಟರ್ 15 ನಿಮಿಷಕ್ಕೆ 1,240 ಲೀಟರ್ ತೋರಿಸಿತು. ಹಾಲಿನ ಸಾಂದ್ರತೆ ಅಳೆಯುವ ಲ್ಯಾಕ್ಟೋಮೀಟರ್ 29 ಇತ್ತು, ಆದ್ದರಿಂದ ಸಾಂದ್ರತೆಯನ್ನು ಲೀಟರಿಗೆ 1.029 ಕಿಲೋ ಎಂದು ಹಿಡಿದೆ. 1,240 × 1.029 ÷ 15, ಅಂದರೆ ನಿಮಿಷಕ್ಕೆ ಸುಮಾರು 85 ಕಿಲೋ. ಆದರೆ ವೇಬ್ರಿಜ್‌ನಲ್ಲಿ ತುಂಬಿದ ಟ್ಯಾಂಕರಿನ ತೂಕದಿಂದ ಖಾಲಿ ತೂಕ ಕಳೆದರೆ 1,245 ಕಿಲೋ ಮಾತ್ರ. ಲೆಕ್ಕಕ್ಕಿಂತ 31 ಕಿಲೋ ಕಡಿಮೆ. ರೈತರ ಹಣದ ವಿಷಯ, ಹಾಗೇ ಬಿಡಲು ಮನಸ್ಸಿಲ್ಲ. ಸಮಯ ಅಳೆದದ್ದರಲ್ಲಿ ವ್ಯತ್ಯಾಸವಾಗಿರಬಹುದೇ?

ತಕ್ಕಡಿ:
ಸಮಯದ ಮೇಲೆ ಅನುಮಾನ ಬೇಡ ಸರ್. ನೀವು ಹೋಲಿಸುತ್ತಿರುವುದು ಒಟ್ಟು ತೂಕವನ್ನು. ಗಾತ್ರವನ್ನು ಸಾಂದ್ರತೆಯಿಂದ ಗುಣಿಸಿದರೆ ಅದು ಬಂದುಬಿಡುತ್ತದೆ, ಅಲ್ಲಿ ಗಡಿಯಾರಕ್ಕೆ ಕೆಲಸವೇ ಇಲ್ಲ. ನಿಮಿಷ ತಪ್ಪಾಗಿದ್ದರೆ ಹರಿವಿನ ದರ ಕೆಡುತ್ತದೆ, ಈ 31 ಕಿಲೋ ಹಾಗೆಯೇ ಉಳಿಯುತ್ತದೆ. ವೇಬ್ರಿಜ್ 5 ಅಥವಾ 10 ಕಿಲೋ ಹೆಜ್ಜೆಯಲ್ಲಿ ತೋರಿಸುತ್ತದೆಯೇ, ಎರಡು ಸಲವೂ ಚಾಲಕರು ಒಳಗಿದ್ದರೇ ಎಂದು ಒಮ್ಮೆ ನೋಡಿಕೊಳ್ಳಿ.

ಹಾಲುಹೊಳೆ:
5 ಕಿಲೋ ಹೆಜ್ಜೆ. ಚಾಲಕರು ಎರಡು ಸಲವೂ ಒಳಗೇ ಇದ್ದರು.

ಬಿಸಿಲುಕುದುರೆ:
ಹಾಲು ತಣ್ಣಗಿದೆ, ತಾಪಮಾನದ ತಿದ್ದುಪಡಿ ಬಿಟ್ಟುಹೋಗಿದೆ. ಅದೇ ಕಾರಣ ಎನಿಸುತ್ತದೆ.

ತಕ್ಕಡಿ:
ತಿದ್ದುಪಡಿ ಬೇಕು, ನಿಜ. ಆದರೆ ಅದು ಎತ್ತ ಎಳೆಯುತ್ತದೆ ನೋಡಿ. ನಮ್ಮಲ್ಲಿ ಸಾಮಾನ್ಯವಾಗಿ ಸಿಗುವ ಲ್ಯಾಕ್ಟೋಮೀಟರ್ 27 ಡಿಗ್ರಿಗೆ ಹೊಂದಿಸಿದ್ದು. ಮೀಟರಿನಲ್ಲಿ ಹರಿಯುವುದು 4–5 ಡಿಗ್ರಿಯ ಹಾಲು, ಅದು ಇನ್ನೂ ಸಾಂದ್ರ. ತಿದ್ದಿದರೆ ಲೆಕ್ಕದ ತೂಕ ಏರುತ್ತದೆ, ಕೊರತೆ ಹಿಗ್ಗುತ್ತದೆ. ಒಂದು ಲೀಟರಿನ ಅಳತೆ ಫ್ಲಾಸ್ಕಿಗೆ ತೊಟ್ಟಿಯ ತಣ್ಣನೆಯ ಹಾಲನ್ನೇ ಹಾಕಿ, ನೊರೆ ಇಳಿದ ಮೇಲೆ ತೂಗಿ. ಲೆಕ್ಕಕ್ಕೆ ಬೇಕಾದ ಸಾಂದ್ರತೆ ಅದೇ.

ಹಾಲುಹೊಳೆ:
1,033 ಗ್ರಾಂ ಬಂತು. ಹಾಗಾದರೆ 1,281 ಕಿಲೋ ಆಗಬೇಕಿತ್ತು. ಕೊರತೆ 36 ಕಿಲೋ!

ನಲ್ಲಿಮನೆ:
ಎರಡು ಕಡೆ ಹುಡುಕಿ. ಫ್ಲೋ ಮೀಟರಿನಿಂದ ಟ್ಯಾಂಕರಿನವರೆಗಿನ ಪೈಪು ಎಷ್ಟು ಉದ್ದ? ಎರಡಿಂಚಿನ ಪೈಪಿನಲ್ಲಿ ಪ್ರತಿ ಮೀಟರ್ ಉದ್ದಕ್ಕೆ ಎರಡು ಲೀಟರ್ ಹಾಲು ನಿಲ್ಲುತ್ತದೆ. ಆರು ಮೀಟರ್ ಇದ್ದರೆ ಹನ್ನೆರಡು ಲೀಟರ್ ಲೆಕ್ಕಕ್ಕೆ ಸೇರಿರುತ್ತದೆ, ಟ್ಯಾಂಕರಿಗೆ ಸೇರಿರುವುದಿಲ್ಲ.

ಇನ್ನೊಂದು ಗಾಳಿ. ನನ್ನ ಮುಖ್ಯ ಅನುಮಾನ ಇದರ ಮೇಲೆಯೇ. ಗಾತ್ರ ಅಳೆಯುವ ಮೀಟರಿಗೆ ಹಾಲೂ ಒಂದೇ, ಗುಳ್ಳೆಯೂ ಒಂದೇ; ಎರಡನ್ನೂ ಲೀಟರ್ ಎಂದೇ ಎಣಿಸುತ್ತದೆ. ನಾವು ಆ ಗುಳ್ಳೆಯನ್ನೂ 1.033ರಿಂದ ಗುಣಿಸುತ್ತೇವೆ. ಶೇಕಡಾ ಎರಡರಷ್ಟು ಗಾಳಿ ಸೇರಿದರೆ ಸಾಕು, 1,240 ಲೀಟರಿನಲ್ಲಿ 25 ಲೀಟರ್ ಹುಸಿ. ಪಂಪಿನ ಎಳೆಯುವ ಬದಿಯ ಕೀಲು ಸಡಿಲವಾಗಿದ್ದರೆ ಹಾಲು ಸೋರುವುದಿಲ್ಲ, ಗಾಳಿ ಒಳಗೆ ಹೋಗುತ್ತದೆ. ನೆಲ ಒಣಗಿರುವುದರಿಂದ ಯಾರ ಕಣ್ಣಿಗೂ ಬೀಳುವುದಿಲ್ಲ. ಪಂಪು ಓಡುವಾಗ ಆ ಕೀಲಿನ ಮೇಲೆ ಶುದ್ಧ ನೀರು ಸುರಿದು ಸದ್ದು ಬದಲಾಗುತ್ತದೆಯೇ ಕೇಳಿ. ತೊಟ್ಟಿ ಬರಿದಾಗುತ್ತಾ ಬಂದಾಗ ಹಾಲು ಹೊರಹೋಗುವ ಬಾಯಿಯ ಬಳಿ ಸುಳಿ ಏಳುತ್ತದೆಯೇ ಎಂಬುದನ್ನೂ ನೋಡಿ.

ಹಾಲುಹೊಳೆ:
ಪೈಪು ಆರು ಮೀಟರೇ. ನೀರು ಸುರಿದಾಗ ಪಂಪಿನ ಗೊರಗೊರ ಸದ್ದು ತಕ್ಷಣ ಇಳಿಯಿತು! ಗ್ಯಾಸ್ಕೆಟ್ ಬದಲಿಸಿದೆವು. ಕೊನೆಗೆ ಪೈಪನ್ನು ಎತ್ತಿ ಹಿಡಿದು ಉಳಿದ ಹಾಲನ್ನು ಟ್ಯಾಂಕರಿಗೆ ಇಳಿಸಿದೆವು. ಈ ಸಲ ಮೀಟರಿನಲ್ಲಿ 1,190 ಲೀಟರ್, ಸಾಂದ್ರತೆ ಅದೇ 1.033, ಲೆಕ್ಕಕ್ಕೆ 1,229 ಕಿಲೋ. ವೇಬ್ರಿಜ್ 1,225 ಎಂದಿತು. ಸಮಯ 14 ನಿಮಿಷ 30 ಸೆಕೆಂಡ್. ದರ ಎಷ್ಟೆಂದು ಬರೆದುಕೊಳ್ಳಲಿ?

ತಕ್ಕಡಿ:
14.30ರಿಂದ ಭಾಗಿಸಬೇಡಿ, 14.5ರಿಂದ ಭಾಗಿಸಿ. ನಿಮಿಷಕ್ಕೆ 84.8 ಕಿಲೋ, ಸೆಕೆಂಡಿಗೆ 1.41. ಉಳಿದ 4 ಕಿಲೋ ವೇಬ್ರಿಜ್‌ನ ಹೆಜ್ಜೆಯೊಳಗೇ ಇದೆ, ಅದರ ಬೆನ್ನು ಹತ್ತಬೇಕಿಲ್ಲ.

ನಲ್ಲಿಮನೆ:
ಸುಳಿಯ ಬಗ್ಗೆ ನೀವು ಬರೆದಿಲ್ಲ. ಹಾಲು ತೊಟ್ಟಿಯ ಆ ಹೊರಬಾಯಿಯ ಮಟ್ಟಕ್ಕೆ ಇಳಿಯುವ ಮೊದಲೇ ಪಂಪಿನ ಹೊರಬದಿಯ ವಾಲ್ವ್ ಅನ್ನು ಅರ್ಧ ಮುಚ್ಚಿ, ನಿಧಾನವಾಗಿ ಎಳೆಯಲು ಬಿಡಿ. ಎಳೆಯುವ ಬದಿಯ ವಾಲ್ವ್ ಮುಟ್ಟಬೇಡಿ, ಅದನ್ನು ಮುಚ್ಚಿದರೆ ಮತ್ತೆ ಗಾಳಿಗೆ ದಾರಿ ಮಾಡಿದಂತೆ.