ರಜೆಗೆ ಬಂದ ತಮ್ಮ ದೇವರ ಮನೆಗೆ ಕಾಲಿಡುತ್ತಿಲ್ಲ, ಸೇನೆಯಲ್ಲಿದ್ದವರು ಸ್ವಲ್ಪ ಹೇಳಿ

ಕೇಳಿದವರು:

ನನ್ನ ತಮ್ಮ ಸೇನೆಯಲ್ಲಿ, ತೋಪಖಾನೆಯಲ್ಲಿದ್ದಾನೆ. 2025ರ ಮೇ ತಿಂಗಳಲ್ಲಿ ಪಾಕಿಸ್ತಾನದ ಜೊತೆ ನಾಲ್ಕು ದಿನ ಹೊಡೆದಾಟ ನಡೆಯಿತಲ್ಲ, ಆಗ ಗಡಿ ನಿಯಂತ್ರಣ ರೇಖೆ (ಎಲ್‌ಒಸಿ) ಹತ್ತಿರವೇ ಇದ್ದ. ಮೊದಲೆಲ್ಲ ಸ್ನಾನ ಮಾಡಿ ದೇವರಿಗೆ ಕೈ ಮುಗಿಯದೆ ತಿಂಡಿ ಮುಟ್ಟುತ್ತಿರಲಿಲ್ಲ. ಈಗ ರಜೆಗೆ ಬಂದು ವಾರವಾಯಿತು, ದೇವರ ಮನೆ ಕಡೆ ತಿರುಗಿಯೂ ನೋಡಿಲ್ಲ. ಅವನು ಹುಷಾರಾಗಿ ಬರಲಿ ಅಂತ ಅಮ್ಮ ಹರಕೆ ಹೊತ್ತಿದ್ದಳು. ತೀರಿಸೋಣ ಬಾ ಅಂದರೆ "ನೀವು ಹೋಗಿ ಬನ್ನಿ" ಅನ್ನುತ್ತಾನೆ. ಜಗಳ ಇಲ್ಲ, ಕೂಗಾಟ ಇಲ್ಲ. ಊಟ ಮಾಡುತ್ತಾನೆ, ಫೋನ್ ನೋಡುತ್ತಾನೆ, ಮಲಗುತ್ತಾನೆ. ಯುದ್ಧ ಕಂಡವರಿಗೆ ಭಕ್ತಿ ಜಾಸ್ತಿ ಆಗುತ್ತೆ ಅಂತ ಕೇಳಿದ್ದೆ. ಇಲ್ಲಿ ಉಲ್ಟಾ ಆಗಿದೆ. ನಿಮ್ಮ ಮನೆಗಳಲ್ಲೂ ಹೀಗಾಗಿದೆಯಾ? ಏನು ಮಾಡಿದಿರಿ?

ನಿವೃತ್ತ ಹವಾಲ್ದಾರ್:

ತಂಗಿ, ನಾನೂ ತೋಪಖಾನೆಯವನೇ. 1999ರ ಕಾರ್ಗಿಲ್ ಯುದ್ಧದಲ್ಲಿ ದ್ರಾಸ್‌ನಲ್ಲಿ ಬೋಫೋರ್ಸ್ ಗನ್ನಿನ, ಅಂದರೆ ದೊಡ್ಡ ಫಿರಂಗಿಯ, ತಂಡದಲ್ಲಿದ್ದೆ. ಸ್ವಲ್ಪ ಉದ್ದ ಬರೆಯುತ್ತೇನೆ, ಬೇಜಾರು ಮಾಡ್ಕೋಬೇಡಮ್ಮ.

ನಮ್ಮ ಗನ್ನಿನಲ್ಲಿ ಹಿಂದೂ, ಸಿಖ್, ಮುಸ್ಲಿಂ ಎಲ್ಲ ಇದ್ದೆವು. ಒಬ್ಬೊಬ್ಬನ ಜೇಬಿನಲ್ಲಿ ಒಂದೊಂದು. ಒಬ್ಬನದು ಬೆರಳುದ್ದದ ಹನುಮಾನ್ ಚಾಲೀಸಾ, ಇನ್ನೊಬ್ಬನದು ತಾಯತ. ಮದ್ದುಗುಂಡಿನ ಖಾಲಿ ಪೆಟ್ಟಿಗೆಯ ಮುಚ್ಚಳದ ಒಳಗೆ ನಾಲ್ಕೈದು ಪಟ ಅಂಟಿಸಿ, ಮಂಜು ಬೀಳದ ಹಾಗೆ ಪ್ಲಾಸ್ಟಿಕ್ ಹೊದಿಸಿದ್ದೆವು. ಯೂನಿಟ್‌ಗಳಲ್ಲಿ ಸರ್ವ ಧರ್ಮ ಸ್ಥಳ ಅಂತ ಇರುತ್ತೆ, ಎಲ್ಲ ದೇವರೂ ಒಂದೇ ಸೂರಿನಡಿ. ಅಲ್ಲಿ ನಮಗೆ ಆ ಪೆಟ್ಟಿಗೆಯೇ ಅದು. ಇನ್ನು ಗನ್ನಂತೂ ನಮಗೆ ಧ್ವಜ ಇದ್ದ ಹಾಗೆ, ಅದಕ್ಕೂ ಕುಂಕುಮ ಇಡುತ್ತಿದ್ದೆವು.

ಒಂದು ಶೆಲ್ ಸುಮಾರು 43 ಕೆ.ಜಿ. ರಾತ್ರಿಯಿಡೀ ಎತ್ತಿ ಎತ್ತಿ ತುಂಬುವಾಗ ದೇವರು ನೆನಪಾಗಲ್ಲ, ಸೊಂಟ ನೆನಪಾಗುತ್ತೆ. ದೇವರು ಬರುವುದು ಆ ಕಡೆಯವರು ಹೊಡೆಯುವಾಗ. ಸಿಳ್ಳೆಯ ಹಾಗೆ ಸದ್ದು ಕೇಳುತ್ತೆ, ಅದು ಎಲ್ಲೋ ಬೀಳುವವರೆಗೆ ನಮಗೆ ಮಾಡಲು ಏನೂ ಕೆಲಸ ಇರಲ್ಲ. ಆಗ ಬಾಯಿ ತಾನಾಗಿಯೇ ಏನೋ ಗೊಣಗುತ್ತಿರುತ್ತೆ. ಅದನ್ನು ಭಕ್ತಿ ಅನ್ನಬೇಕೋ ಹೆದರಿಕೆ ಅನ್ನಬೇಕೋ ನನಗೆ ಇವತ್ತಿಗೂ ಗೊತ್ತಿಲ್ಲ.

ದಿನಾ ಊದುಬತ್ತಿ ಹಚ್ಚುತ್ತಿದ್ದ ಹುಡುಗ ಜೂನ್ ಕೊನೆಯಲ್ಲಿ ಹೋದ. ಎರಡು ದಿನ ಆ ಮುಚ್ಚಳ ಯಾರೂ ತೆಗೆಯಲಿಲ್ಲ. ಮೂರನೇ ದಿನ ಬೆಳಿಗ್ಗೆ ತೆಗೆದವನು ಯಾರು ಗೊತ್ತಾ? ದೇವರು ಗೀವರು ಅಂದರೆ ನಗುತ್ತಿದ್ದವನು. ಬೆಂಕಿಪೊಟ್ಟಣ ತೇವ ಹಿಡಿದಿತ್ತು. ನಾಲ್ಕು ಕಡ್ಡಿ ಗೀರಿ ಹಾಳು ಮಾಡಿದ, ಐದನೆಯದು ಹತ್ತಿತು. ಏನಪ್ಪಾ ಇದು ಅಂದೆ. "ಅವನ ಡ್ಯೂಟಿ ಖಾಲಿ ಬಿದ್ದಿದೆ, ಯಾರಾದರೂ ಮಾಡಬೇಕಲ್ಲ" ಅಂದ. ಗನ್ ವಾಪಸ್ ಹೋಗುವವರೆಗೂ ಅವನೇ ಮಾಡಿದ.

ನನಗೆ ಆಗಿದ್ದು ಉಲ್ಟಾ, ನಿನ್ನ ತಮ್ಮನ ಹಾಗೆ. ಊರಿಗೆ ಬಂದೆ. ನಮ್ಮಮ್ಮ ಹೊಸ್ತಿಲಲ್ಲೇ "ನನ್ನ ದೇವರು ನಿನ್ನನ್ನು ಕಾಪಾಡಿದ ಮಗಾ" ಅಂತ ಅತ್ತಳು. ಪ್ರೀತಿಯಿಂದಲೇ ಅಂದಿದ್ದು. ನನಗೆ ಎದೆಗೆ ಒದ್ದ ಹಾಗಾಯಿತು. ಆ ಹುಡುಗನ ತಾಯಿಯೂ ಮನೆಯಲ್ಲಿ ದಿನಾ ದೀಪ ಹಚ್ಚುತ್ತಿದ್ದಳಲ್ಲ? ಅವಳ ದೇವರು ಅವತ್ತು ಎಲ್ಲಿಗೆ ಹೋಗಿದ್ದ? ಇದನ್ನು ಅಮ್ಮನ ಮುಂದೆ ಹೇಳೋಕಾಗುತ್ತಾ? ದೇವರ ಮನೆಗೆ ಹೋದರೆ ಮತ್ತೆ ಅದೇ ಮಾತು ಬರುತ್ತೆ ಅಂತ ಹೋಗುವುದನ್ನೇ ಬಿಟ್ಟೆ. ಎಲ್ಲರೂ ನನಗೆ ದೇವರ ಮೇಲೆ ಸಿಟ್ಟು ಅಂದುಕೊಂಡರು. ಸಿಟ್ಟೇನೂ ಇರಲಿಲ್ಲ. ನಾನು ಉಳಿದದ್ದಕ್ಕೆ ಥ್ಯಾಂಕ್ಸ್ ಹೇಳಿದರೆ, ಅವನು ಹೋದದ್ದಕ್ಕೂ ಹೂಂ ಅಂದ ಹಾಗಾಗುತ್ತಲ್ಲ ಅನ್ನಿಸುತ್ತಿತ್ತು.

ನಿಮ್ಮಮ್ಮನಿಗೆ ಇಷ್ಟು ಹೇಳು, ದೇವರು ನಿನ್ನನ್ನು ಉಳಿಸಿದ ಅನ್ನುವ ಮಾತು ಅವನ ಮುಂದೆ ಬೇಡ. ಹರಕೆ ಅಮ್ಮ ಹೊತ್ತದ್ದು, ಅಮ್ಮನೇ ಹೋಗಿ ತೀರಿಸಲಿ. ದೇವರೇನು ಹಾಜರಿ ಹಾಕಲ್ಲ. ಅವನ ಜೊತೆಯವರು ಯಾರಾದರೂ ಹೋಗಿದ್ದಾರಾ ಅಂತಲೂ ನೀವಾಗಿ ಕೆದಕಬೇಡಿ. ಹೇಳಿದರೆ ಕೇಳಿ, ಅಷ್ಟೇ. ನಾನು ಮತ್ತೆ ಕೈ ಮುಗಿಯುವ ಹೊತ್ತಿಗೆ ಮೂರು ವರ್ಷ ಆಗಿತ್ತು.

ಇನ್ನೊಬ್ಬರು:

ದೃಷ್ಟಿಯಾಗಿದೆ ಅನ್ಸುತ್ತೆ ಅಕ್ಕ. ತಡ ಮಾಡದೆ ಒಂದು ಶಾಂತಿ ಹೋಮ ಮಾಡಿಸಿ.

ಮತ್ತೊಬ್ಬರು:

ಹುಡುಗನಿಗೆ ಕಣ್ಣು ತೆರೆದಿದೆ. ದೇವರಿಲ್ಲ ಅಂತ ಯುದ್ಧಭೂಮಿಯಲ್ಲಿ ಗೊತ್ತಾಗಿದೆ, ಬಿಟ್ಟುಬಿಡಿ.

ಸೈನಿಕರೊಬ್ಬರ ಹೆಂಡತಿ:

ಮೇಲಿನ ಇಬ್ಬರಿಗೂ ಒಂದೇ ಮಾತು. ಹುಡುಗ ಬಾಯೇ ಬಿಟ್ಟಿಲ್ಲ, ಆಗಲೇ ನೀವಿಬ್ಬರೂ ತೀರ್ಪು ಕೊಟ್ಟಾಯ್ತು.

ಅಕ್ಕ, ನಮ್ಮೆಜಮಾನರು ದೇವಸ್ಥಾನಕ್ಕೆ ಬಂದರೆ ಹೊರಗೆ ಚಪ್ಪಲಿ ಕಾಯುತ್ತಾ ನಿಲ್ಲುವ ಜಾತಿ. ಮದುವೆಯಾದಾಗಿಂದ ಹೀಗೇ. ಆದರೆ ಸಿಯಾಚಿನ್‌ಗೆ ಹೋದಾಗ ಬೇಸ್ ಕ್ಯಾಂಪ್‌ನಲ್ಲಿ ಓಪಿ ಬಾಬಾನ ಗುಡಿ ಇದೆಯಲ್ಲ, ಅಲ್ಲಿ ರಿಪೋರ್ಟ್ ಮಾಡಿಯೇ ಮೇಲೆ ಹತ್ತಿದ್ದು. ಇಳಿದು ಬಂದ ಮೇಲೆ ಮತ್ತೆ ಅಲ್ಲಿ ಹಾಜರಿ. ಓಂ ಪ್ರಕಾಶ್ ಅನ್ನುವ ಸೈನಿಕ 1980ರ ದಶಕದಲ್ಲಿ ಒಬ್ಬನೇ ನಿಂತು ಪೋಸ್ಟ್ ಕಾಪಾಡಿದ, ಈಗಲೂ ಹುಡುಗರನ್ನು ಕಾಯುತ್ತಾನೆ ಅಂತ ಅಲ್ಲಿನವರ ನಂಬಿಕೆ. ನೀವು ಇದನ್ನೆಲ್ಲ ನಂಬ್ತೀರಾ ಅಂತ ಕೇಳಿದೆ. "ನಂಬೋದೇನು ಬಂತು, ಸೀನಿಯರ್‌ಗೆ ರಿಪೋರ್ಟ್ ಮಾಡೋದು ಪದ್ಧತಿ" ಅಂದರು! ಸಿಕ್ಕಿಂನ ನಾಥು ಲಾ ಕಡೆ ಬಾಬಾ ಹರ್ಭಜನ್ ಸಿಂಗ್ ಅನ್ನುವ ಸೈನಿಕನ ಗುಡಿಯಲ್ಲೂ ಹೀಗೇ. ಅವರು ತೀರಿಕೊಂಡದ್ದು 1968ರಲ್ಲಿ. ಅವರ ಹಾಸಿಗೆ, ಸಮವಸ್ತ್ರ, ಬೂಟು ಎಲ್ಲ ಇವತ್ತಿಗೂ ನೀಟಾಗಿ ಇಟ್ಟಿರುತ್ತಾರೆ. ಮನೆಯ ದೇವರೇ ಬೇರೆ, ಅಲ್ಲಿಯ ದೇವರೇ ಬೇರೆ. ಅಲ್ಲಿ ಬೇಕಾಗಿರೋದು ರಾತ್ರಿ ಜೊತೆಗೆ ಕಾವಲು ನಿಲ್ಲುವ ದೇವರು. ನಿಮ್ಮ ತಮ್ಮ ಅಲ್ಲಿ ಕೈ ಮುಗಿಯುತ್ತಿರಬಹುದು, ಇಲ್ಲಿ ಮನಸ್ಸು ಬರದೆ ಇರಬಹುದು. ಎರಡೂ ಒಟ್ಟಿಗೆ ನಿಜ ಆಗಬಹುದು.

ಇನ್ನೊಂದು ಹೇಳ್ತೀನಿ. 2016ರ ಫೆಬ್ರವರಿಯಲ್ಲಿ ನಮ್ಮ ಧಾರವಾಡ ಜಿಲ್ಲೆಯ ಲ್ಯಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ ಅವರು ಹಿಮದ ಕೆಳಗೆ ಆರು ದಿನ ಇದ್ದು ಜೀವಂತ ಸಿಕ್ಕಿದರಲ್ಲ, ಆಗ ಪೂಜೆ ಆಗದ ಊರಿರಲಿಲ್ಲ. ನಾನೂ ಉಪವಾಸ ಕೂತೆ. 11ನೇ ತಾರೀಖು ಅವರು ಹೋಗಿಬಿಟ್ಟರು. ಅವತ್ತು ಸಂಜೆ ನನಗೆ ದೀಪ ಹಚ್ಚಲು ಕೈ ಬರಲಿಲ್ಲ. ಫೋನಲ್ಲಿ ನಮ್ಮವರಿಗೆ ಹೇಳಿದೆ. ದೇವರನ್ನು ನಂಬದ ಮನುಷ್ಯ ಏನಂದರು ಗೊತ್ತಾ? "ಹಚ್ಚಬೇಡ ಬಿಡು, ಆದರೆ ಲೈಟ್ ಹಾಕು, ಮಕ್ಕಳು ಕತ್ತಲಲ್ಲಿ ಕೂತಿರ್ತಾರೆ."

ಸೇನಾ ಆಸ್ಪತ್ರೆಯಲ್ಲಿ ನರ್ಸಿಂಗ್ ಅಸಿಸ್ಟೆಂಟ್ ಆಗಿದ್ದವರು:

ಹವಾಲ್ದಾರ್ ಸಾಹೇಬರು ಹೇಳಿದ್ದು ಸರಿ. ನಾನು ಒಂದು ಸಣ್ಣ ವಿಷಯ ಸೇರಿಸುತ್ತೇನೆ, ಇದನ್ನು ಯಾರೂ ಯೋಚಿಸುವುದಿಲ್ಲ. ಕೆಲವೊಮ್ಮೆ ತೊಂದರೆ ದೇವರದ್ದಲ್ಲ, ಜಾಗಟೆಯದ್ದು. ಮಂಗಳಾರತಿ ಹೊತ್ತಿಗೆ ಗಂಟೆ, ಜಾಗಟೆ, ಜನರ ನೂಕುನುಗ್ಗಲು, ಹೊಗೆ ಎಲ್ಲ ಸೇರಿದರೆ ಶೆಲ್ಲಿಂಗ್ ಕಂಡು ಬಂದವನಿಗೆ ಬೆವರು ಬಿಡುತ್ತೆ. ಅದನ್ನು ಹೇಳಿಕೊಳ್ಳಲು ನಾಚಿಕೆ. "ನೀವು ಹೋಗಿ ಬನ್ನಿ" ಅನ್ನುವುದು ಸುಲಭ. ಕುಕ್ಕರ್ ಕೂಗಿದಾಗ, ಬಾಗಿಲು ಬಡಿದಾಗ ಬೆಚ್ಚುತ್ತಾನಾ, ರಾತ್ರಿ ನಿದ್ದೆ ಮಾಡುತ್ತಾನಾ, ಸುಮ್ನೆ ಗಮನಿಸಿ.

ಸೇನೆಯಲ್ಲಿ ಧರ್ಮಗುರುಗಳ ಹುದ್ದೆಯೇ ಇದೆ. ಪಂಡಿತ್, ಗ್ರಂಥಿ, ಮೌಲ್ವಿ, ಪಾದ್ರಿ, ಎಲ್ಲರೂ ಜೆಸಿಒ (ಜೂನಿಯರ್ ಕಮಿಷನ್ಡ್ ಆಫೀಸರ್) ದರ್ಜೆಯವರು. ಮಂದಿರ ಪರೇಡ್, ಅಂದರೆ ಯೂನಿಟ್‌ನವರೆಲ್ಲ ಸೇರುವ ಪೂಜೆ, ಮಾಡಿಸುವುದಷ್ಟೇ ಅಲ್ಲ, ಗಾಯಾಳುಗಳ ಹತ್ತಿರ ಬಂದು ಕೂರುವುದೂ ಅವರ ಕೆಲಸ. ನಮ್ಮ ವಾರ್ಡಿಗೆ ಒಬ್ಬರು ಪಂಡಿತ್‌ಜಿ ಬರುತ್ತಿದ್ದರು. ಎರಡೂ ಕೈಗೆ ಬ್ಯಾಂಡೇಜ್ ಇದ್ದ ಹುಡುಗ ಒಮ್ಮೆ "ನಿಮ್ಮ ದೇವರನ್ನು ಕರ್ಕೊಂಡು ಇಲ್ಲಿಂದ ಹೋಗಿ" ಅಂತ ಕಿರುಚಿದ. ಪಂಡಿತ್‌ಜಿ ಸರಿ ಅಂದರು, ಪುಸ್ತಕ ಚೀಲಕ್ಕೆ ಹಾಕಿದರು, ಪೆನ್ನು ತೆಗೆದರು. "ಮನೆಗೆ ಪತ್ರ ಬರೀಬೇಕಾ? ನೀನು ಹೇಳು, ನಾನು ಬರೀತೀನಿ." ಮಾರನೇ ದಿನದಿಂದ ಆ ಹುಡುಗ ಅವರ ದಾರಿ ಕಾಯುತ್ತಿದ್ದ, ಪತ್ರಕ್ಕೆ. ಎಲ್ಲರೂ ಅಂಥವರೇ ಇರುತ್ತಾರೆ ಅಂತ ಹೇಳಲ್ಲ. ಬರೀ ಮಂತ್ರ ಹೇಳಿ ಹೋಗುವವರನ್ನೂ ನೋಡಿದ್ದೇನೆ.

ನಿದ್ದೆ ಇಲ್ಲ, ಊಟ ಕಡಿಮೆಯಾಗಿದೆ, ಬದುಕು ಸಾಕು ಅನ್ನುವ ಥರ ಮಾತು ಬಂತು ಅಂದರೆ ಮಾತ್ರ ಕಾಯಬೇಡಿ. ಸರ್ಕಾರದ ಮಾನಸಿಕ ಆರೋಗ್ಯದ ಟೆಲಿ ಮಾನಸ್ ಸಹಾಯವಾಣಿ 14416, ದುಡ್ಡು ಖರ್ಚಿಲ್ಲ, ಕನ್ನಡದಲ್ಲೇ ಮಾತಾಡಬಹುದು. ಸೇನೆಯವರಿಗೆ, ಅವರ ಮನೆಯವರಿಗೆ ಅಂತಲೇ 2023ರ ಡಿಸೆಂಬರ್‌ನಲ್ಲಿ ಪುಣೆಯಲ್ಲಿ ಇದರದೇ ಬೇರೆ ವಿಭಾಗ ತೆರೆದಿದ್ದಾರೆ.

ಕೇಳಿದವರು:

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಹವಾಲ್ದಾರ್ ಅಣ್ಣ, ನೀವು ಹೇಳಿದ "ದೇವರು ಉಳಿಸಿದ" ಅನ್ನುವ ಆ ಮಾತನ್ನು ಅಮ್ಮ ವಾರದಲ್ಲಿ ಏನಿಲ್ಲವೆಂದರೂ ಹತ್ತು ಸಲ ಅಂದಿದ್ದಾಳೆ. ನಾನೂ ಎರಡು ಸಲ ಅಂದಿದ್ದೇನೆ. ಅಮ್ಮನಿಗೆ ನಿಮ್ಮ ಬರಹ ಓದಿ ಹೇಳಿದೆ, ಏನೂ ಮಾತಾಡಲಿಲ್ಲ. ಶುಕ್ರವಾರ ನಾವಿಬ್ಬರೇ ಹೋಗಿ ಹರಕೆ ಒಪ್ಪಿಸಿ ಬರುತ್ತೇವೆ. ಕುಕ್ಕರ್ ಕೂಗಿದರೆ ಅವನು ಎದ್ದು ಹಿತ್ತಲಿಗೆ ಹೋಗುವುದು ನಿಜ, ಈಗ ನೆನಪಾಗುತ್ತಿದೆ. ನಿದ್ದೆ ಪರವಾಗಿಲ್ಲ.

ಇದನ್ನೆಲ್ಲ ಓದುತ್ತಾ ಕೂತಿದ್ದಾಗ ಅವನು ಹಿಂದೆ ಬಂದು ನಿಂತಿದ್ದ, ನನಗೆ ಗೊತ್ತೇ ಆಗಿರಲಿಲ್ಲ. ಬೈಯುತ್ತಾನೆ ಅಂದುಕೊಂಡೆ. ಬೈಯಲಿಲ್ಲ. ಬೆಂಕಿಕಡ್ಡಿ ವಿಷಯ ಬರೆದಿದ್ದೀರಲ್ಲ, ಅಲ್ಲಿಯವರೆಗೆ ಓದಿ, "ಇವರ ಯೂನಿಟ್ ಯಾವುದು ಕೇಳು" ಅಂದ. ಹೇಳ್ತೀರಾ ಅಣ್ಣ?