ಹೆಲ್‌ಬೆಂಡರ್ ನೀರಿನೊಳಗೆ ಉಸಿರಾಡುವುದು ಹೇಗೆ?

ಪ್ರಶ್ನೆ:
ಅಮೆರಿಕದ ಪೂರ್ವ ಭಾಗದ ಹೊಳೆಗಳಲ್ಲಿರುವ ಹೆಲ್‌ಬೆಂಡರ್ ಎಂಬ ಸ್ಯಾಲಮಾಂಡರ್ (ಹಲ್ಲಿಯಂತೆ ಕಾಣುವ, ಬಾಲವಿರುವ ಉಭಯಚರಿ) ಜೀವನವಿಡೀ ನೀರಿನಲ್ಲೇ ಕಳೆಯುತ್ತದೆ. ಬೆಳೆದ ಪ್ರಾಣಿಗೆ ಹೊರಕಿವಿರುಗಳಿಲ್ಲ. ಹಾಗಾದರೆ ಅದು ಉಸಿರಾಟಕ್ಕಾಗಿ ಪದೇ ಪದೇ ಮೇಲಕ್ಕೆ ಬರುತ್ತದೆಯೇ?

ಉತ್ತರ 1:
ಬರಬೇಕಾದ ಅಗತ್ಯ ಬಹಳ ಕಡಿಮೆ, ಏಕೆಂದರೆ ಅದು ಮುಖ್ಯವಾಗಿ ಚರ್ಮದಿಂದಲೇ ಉಸಿರಾಡುತ್ತದೆ. ಮೈಯ ಎರಡೂ ಪಕ್ಕಗಳಲ್ಲಿ ಸೀರೆಯ ನಿರಿಗೆಗಳಂತೆ ಸಡಿಲವಾಗಿ ಜೋತುಬಿದ್ದ ಚರ್ಮವಿದ್ದು, ಅದರ ಮೇಲ್ಪದರಕ್ಕೆ ತೀರ ಹತ್ತಿರ ಹಬ್ಬಿರುವ ಸೂಕ್ಷ್ಮ ರಕ್ತನಾಳಗಳು ನೀರಿನಲ್ಲಿ ಕರಗಿದ ಆಮ್ಲಜನಕವನ್ನು ನೇರವಾಗಿ ಹೀರಿಕೊಳ್ಳುತ್ತವೆ. ಶ್ವಾಸಕೋಶಗಳು ಇವೆಯಾದರೂ ಅವು ಹೆಚ್ಚಾಗಿ ತೇಲುವಿಕೆಯನ್ನು ಹೊಂದಿಸಿಕೊಳ್ಳಲು ನೆರವಾಗುತ್ತವೆ. ಹೊರಕಿವಿರುಗಳು ಮರಿಗಳಲ್ಲಿ ಮಾತ್ರ ಕಾಣುತ್ತವೆ. ಸುಮಾರು ಎರಡು ವರ್ಷಗಳ ವೇಳೆಗೆ ಅವು ಕರಗಿಹೋಗುತ್ತವೆ.

ಉತ್ತರ 2:
ಈ ಕಾರಣದಿಂದಲೇ ಅದಕ್ಕೆ ತಂಪಾದ, ರಭಸವಾಗಿ ಹರಿಯುವ, ಆಮ್ಲಜನಕ ಹೇರಳವಾಗಿರುವ ನೀರು ಬೇಕು. ಹಗಲಿನಲ್ಲಿ ದೊಡ್ಡ ಚಪ್ಪಟೆ ಬಂಡೆಯ ಅಡಿ ಅಡಗಿದ್ದು, ರಾತ್ರಿ ಕ್ರೇಫಿಶ್‌ಗಳನ್ನು (ಸಿಗಡಿಯನ್ನು ಹೋಲುವ ಸಿಹಿನೀರಿನ ಜೀವಿಗಳು) ಬೇಟೆಯಾಡುತ್ತದೆ. ನನಗೆ ಅತ್ಯಂತ ವಿಸ್ಮಯವೆನಿಸುವುದು ಗಂಡಿನ ನಡವಳಿಕೆ: ಶರತ್ಕಾಲದ ಹೊತ್ತಿಗೆ ಅದು ಬಂಡೆಯಡಿ ಗೂಡನ್ನು ಸಜ್ಜುಗೊಳಿಸಿ, ಹೆಣ್ಣು ಇಟ್ಟ ಮೊಟ್ಟೆಗಳನ್ನು ದೇಹದ ಹೊರಗೇ ಫಲಗೊಳಿಸಿ, ಬಳಿಕ ತಾನೇ ಕಾವಲು ನಿಂತು, ಪಕ್ಕದ ನಿರಿಗೆಗಳನ್ನು ಅಲೆಯಾಡಿಸುತ್ತಾ ಮೊಟ್ಟೆಗಳ ಸುತ್ತ ನೀರು ಹರಿಯುವಂತೆ ಮಾಡುತ್ತದೆ.

ಪ್ರಶ್ನೆ ಕೇಳಿದವರು:
ವಿವರಗಳಿಗೆ ಕೃತಜ್ಞತೆಗಳು. ಹಾಗಾದರೆ ಹೊಳೆಯಲ್ಲಿ ಹೂಳು ತುಂಬಿದರೆ ಏನಾಗುತ್ತದೆ?

ಉತ್ತರ 3:
ಅದೇ ದೊಡ್ಡ ಆಪತ್ತು. ಅರಣ್ಯನಾಶದಿಂದ ಕೊಚ್ಚಿಬರುವ ಮಣ್ಣು ಬಂಡೆಗಳ ಅಡಿಯ ಸಂದುಗಳನ್ನು ಮುಚ್ಚುವುದರಿಂದ ದೊಡ್ಡವಕ್ಕೆ ಗೂಡಿಲ್ಲ, ಮರಿಗಳಿಗೆ ಆಸರೆಯಿಲ್ಲ. ಅಣೆಕಟ್ಟುಗಳು ಹರಿವನ್ನೇ ತಡೆಯುತ್ತವೆ. ಮಿಸೌರಿ ಮತ್ತು ಅರ್ಕಾನ್ಸಾ ರಾಜ್ಯಗಳಲ್ಲಿ ಮಾತ್ರ ಉಳಿದಿರುವ, ಹೆಲ್‌ಬೆಂಡರ್‌ನ ಓಝಾರ್ಕ್ ಎಂಬ ಉಪಪ್ರಭೇದವನ್ನು 2011ರಲ್ಲಿ ಅಳಿವಿನಂಚಿನಲ್ಲಿರುವ ಜೀವಿಗಳ ಪಟ್ಟಿಗೆ ಸೇರಿಸಲಾಯಿತು. ಅದೇ ವರ್ಷ ಸೇಂಟ್ ಲೂಯಿಸ್ ಮೃಗಾಲಯದಲ್ಲಿ ಅದರ ಸಂತಾನೋತ್ಪತ್ತಿ ಮೊದಲ ಬಾರಿಗೆ ಯಶಸ್ವಿಯಾಯಿತು. ಆದ್ದರಿಂದ ಹೊಳೆಗಿಳಿಯುವವರು ದಯವಿಟ್ಟು ಅಲ್ಲಿನ ದೊಡ್ಡ ಬಂಡೆಗಳನ್ನು ಕದಲಿಸಬಾರದು.