ವಾರ್‌ಲಾಕ್‌ಗೆ ಯಾವ ಸಂಗಾತಿ ಸೂಕ್ತ?

ಪ್ರಶ್ನೆ: ವರ್ಲ್ಡ್ ಆಫ್ ವಾರ್‌ಕ್ರಾಫ್ಟ್ ಕ್ಲಾಸಿಕ್ ಎಂಬ ಆನ್‌ಲೈನ್ ಆಟದಲ್ಲಿ ನನ್ನ ವಾರ್‌ಲಾಕ್ (ಭೂತಗಳನ್ನು ಕರೆದು ಜೊತೆಗಿಟ್ಟುಕೊಳ್ಳುವ ಮಾಂತ್ರಿಕ ಪಾತ್ರ) 10ನೇ ಹಂತ ತಲುಪಿ ವಾಯ್ಡ್‌ವಾಕರ್ ಎಂಬ ಭೂತವನ್ನು ಪಡೆದಿದ್ದಾನೆ. ಒಂಟಿಯಾಗಿ ಆಡುವಾಗ ಮೊದಲು ಸಿಕ್ಕ ಪುಟ್ಟ ಭೂತವಾದ ಇಂಪ್ ಬದಲು ಇದನ್ನೇ ಜೊತೆಗಿಟ್ಟುಕೊಳ್ಳುವುದು ಒಳ್ಳೆಯದೇ?

ಉತ್ತರ: ಖಂಡಿತ ಒಳ್ಳೆಯದು. ವಾಯ್ಡ್‌ವಾಕರ್ ಶತ್ರುವನ್ನು ತನ್ನತ್ತ ಸೆಳೆದು ಏಟು ತಿನ್ನುತ್ತಿರುವಾಗ ನೀವು ದೂರದಲ್ಲಿ ನಿಂತು ನಿಧಾನವಾಗಿ ಹಾನಿ ಮಾಡುವ ಕರಪ್ಶನ್ ಮಂತ್ರ ಹಾಕಬಹುದು. ಆದರೆ ಆರಂಭದಲ್ಲೇ ನೇರವಾಗಿ ಬಡಿಯುವ ಮಂತ್ರವಾದ ಶ್ಯಾಡೋ ಬೋಲ್ಟ್‌ಗಳನ್ನು ಸುರಿಸಿದರೆ ಶತ್ರು ಅದನ್ನು ಬಿಟ್ಟು ನಿಮ್ಮ ಮೇಲೆಯೇ ಎರಗುತ್ತಾನೆ, ಆದ್ದರಿಂದ ಅದಕ್ಕೆ ಎರಡು ಮೂರು ಹೊಡೆತಗಳ ಅವಕಾಶ ಕೊಡಿ.

ಉತ್ತರ: ಗುಂಪಿನಲ್ಲಿ ಆಡುವಾಗ ಮಾತ್ರ ಇಂಪ್ ಮೇಲು ಎಂಬುದು ನನ್ನ ಅಭಿಪ್ರಾಯ, ಏಕೆಂದರೆ ಅದರ ಬ್ಲಡ್ ಪ್ಯಾಕ್ಟ್ ಎಂಬ ಶಕ್ತಿ ತಂಡದವರೆಲ್ಲರ ಸ್ಟ್ಯಾಮಿನಾ (ಜೀವಬಲ) ಹೆಚ್ಚಿಸುತ್ತದೆ, ಅದನ್ನು ಕರೆಯಲು ಸೋಲ್ ಶಾರ್ಡ್ (ಕೊಂದ ಶತ್ರುವಿನಿಂದ ಪಡೆಯುವ ಆತ್ಮದ ಚೂರು) ಕೂಡ ಬೇಕಿಲ್ಲ.

ಉತ್ತರ: 30ನೇ ಹಂತದಲ್ಲಿ ಸಿಗುವ ಇನ್ನೊಂದು ಭೂತವಾದ ಫೆಲ್‌ಹಂಟರ್ ಅನ್ನೂ ಮರೆಯಬೇಡಿ. ಅದು ಸ್ಪೆಲ್ ಲಾಕ್ ಕಲಿತ ಮೇಲೆ, ಮಂತ್ರ ಪ್ರಯೋಗಿಸುವ ಶತ್ರುವಿನ ಬಾಯಿಯನ್ನೇ ಕಟ್ಟಿಬಿಡುತ್ತದೆ.